ಚಿಂಕ್ವೆ ತೆರ್ರೆಗೆ ಗೈಡ್ ಬೇಕಾ? ಟ್ರೇನಿಗೆ ಬೇಡ, ಗುಡ್ಡಕ್ಕೆ ಬೇಕು

ಮಾರ್ಚ್ ಬಂತು ಅಂದರೆ ನನ್ನ ವಾಟ್ಸಾಪ್‌ನಲ್ಲಿ ಈ ಪ್ರಶ್ನೆ ಶುರುವಾಗುತ್ತದೆ. "ಅಕ್ಕಾ, ಮೇ ತಿಂಗಳಲ್ಲಿ ಅಪ್ಪ ಅಮ್ಮನ್ನ ಕರ್ಕೊಂಡು ಇಟಲಿಗೆ ಬರ್ತಿದೀವಿ. ಸಮುದ್ರದ ಪಕ್ಕ ಬಣ್ಣಬಣ್ಣದ ಮನೆ ಇರೋ ಆ ಐದು ಹಳ್ಳಿಗಳಿಗೆ ಟ್ರೇನಿನಲ್ಲಿ ಒಂದು ದಿನದ ಟೂರ್ ಇದೆಯಲ್ಲ, ಗೈಡ್ ಜೊತೆಗೆ, ಅದನ್ನ ತಗೊಳ್ಳೋದಾ? ಇಲ್ಲ ನಾವೇ ಹೋಗಿ ಬರಬಹುದಾ?" ಮಿಲಾನ್‌ನಲ್ಲಿ ಮನೆ ಮಾಡಿ ಒಂಬತ್ತು ವರ್ಷ ಆಯಿತು. ಗೆಳತಿಯರಿಗೆ, ಗೆಳತಿಯರ ಅಣ್ಣಂದಿರಿಗೆ, ಊರ ಕಡೆಯ ಪರಿಚಯದವರಿಗೆ ಬಿಡಿಬಿಡಿಯಾಗಿ ಬರೆದಿದ್ದೇನೆ. ಈ ಸಲ ಪೂರ್ತಿ ಉತ್ತರ ಇಲ್ಲೇ ಇರಲಿ.

ಚಿಕ್ಕ ಉತ್ತರ ಇಷ್ಟು. ಟ್ರೇನ್ ಹತ್ತಿ ಇಳಿಯುವುದಕ್ಕೆ ಗೈಡ್ ಬೇಡ. ಗುಡ್ಡದ ಮೇಲಕ್ಕೆ ಹೋಗುವುದಿದ್ದರೆ ಖಂಡಿತ ಬೇಕು. ಹೆಚ್ಚಿನ ಟೂರ್‌ಗಳು ಮೊದಲನೆಯದಕ್ಕೇ ದುಡ್ಡು ತೆಗೆದುಕೊಳ್ಳುತ್ತವೆ, ಎರಡನೆಯದನ್ನು ತೋರಿಸುವುದೇ ಇಲ್ಲ. ನನ್ನ ತಕರಾರು ಅದೊಂದೇ.

ಚಿಂಕ್ವೆ ತೆರ್ರೆ ಅನ್ನುವುದು ಒಂದು ಊರಿನ ಹೆಸರಲ್ಲ. ಇಟಲಿಯ ವಾಯವ್ಯಕ್ಕೆ, ಲಿಗೂರಿಯಾದ ಕರಾವಳಿಯಲ್ಲಿ ಸಾಲಾಗಿ ಇರುವ ಐದು ಹಳ್ಳಿಗಳು. ಲಾ ಸ್ಪೆಟ್ಸಿಯಾ ಪಟ್ಟಣದ ಕಡೆಯಿಂದ ಬಂದರೆ ರಿಯೊಮಜ್ಜೋರೆ, ಮನರೋಲಾ, ಕೊರ್ನಿಲ್ಯಾ, ವೆರ್ನಾಟ್ಸಾ, ಕೊನೆಗೆ ಮಾಂಟೆರೊಸ್ಸೊ. ಐದೂ ಸೇರಿಸಿದರೂ ಜನಸಂಖ್ಯೆ ನಾಲ್ಕು ಸಾವಿರದೊಳಗೆ. 1997ರಲ್ಲಿ ಇದು ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು, 1999ರಲ್ಲಿ ರಾಷ್ಟ್ರೀಯ ಉದ್ಯಾನವೂ ಆಯಿತು. ಆಮೇಲೆ ಜನ ಬರುತ್ತಲೇ ಇದ್ದಾರೆ.

ಟ್ರೇನಿನ ವಿಷಯ ಬಹಳ ಸುಲಭ. ಲಾ ಸ್ಪೆಟ್ಸಿಯಾದಿಂದ ಲೆವಾಂತೊವರೆಗೆ ಚಿಂಕ್ವೆ ತೆರ್ರೆ ಎಕ್ಸ್‌ಪ್ರೆಸ್ ಓಡುತ್ತದೆ. ಸೀಸನ್ನಿನಲ್ಲಿ ಗಂಟೆಗೆ ಎರಡು ಮೂರು ಇರುತ್ತವೆ. ಐದು ಹಳ್ಳಿಗಳೂ ಈ ಎರಡು ಸ್ಟೇಷನ್‌ಗಳ ನಡುವೆಯೇ ಸಿಗುತ್ತವೆ. ಒಂದು ಹಳ್ಳಿಯಿಂದ ಇನ್ನೊಂದಕ್ಕೆ ಮೂರು ನಾಲ್ಕು ನಿಮಿಷ, ಅದರಲ್ಲೂ ಬಹುಪಾಲು ಸುರಂಗ. ಕಿಟಕಿ ಪಕ್ಕ ಸೀಟು ಹಿಡಿದು ಸಮುದ್ರ ನೋಡುತ್ತಾ ಹೋಗೋಣ ಅಂದುಕೊಂಡು ಬರುವವರಿಗೆ ಮೊದಲೇ ಹೇಳಿಬಿಡುತ್ತೇನೆ, ಕತ್ತಲೆ, ಒಂದು ಕ್ಷಣ ನೀಲಿ, ಮತ್ತೆ ಕತ್ತಲೆ, ಅಷ್ಟರಲ್ಲಿ ಸ್ಟೇಷನ್ ಬಂದಿರುತ್ತದೆ. ದಿನಪೂರ್ತಿ ಎಷ್ಟು ಸಲ ಬೇಕಾದರೂ ಹತ್ತಿ ಇಳಿಯಲು ಚಿಂಕ್ವೆ ತೆರ್ರೆ ಟ್ರೇನ್ ಕಾರ್ಡ್ ಸಿಗುತ್ತದೆ. ಅದರಲ್ಲೇ ಹಳ್ಳಿಯೊಳಗಿನ ಚಿಕ್ಕ ಬಸ್ಸು, ದುಡ್ಡು ಕೊಟ್ಟು ನಡೆಯಬೇಕಾದ ಕಾಲುದಾರಿ, ಸ್ಟೇಷನ್ನಿನ ಶೌಚಾಲಯ ಎಲ್ಲ ಸೇರಿರುತ್ತದೆ. ಬೆಲೆ ದಿನಕ್ಕೆ ತಕ್ಕ ಹಾಗೆ ಏರಿಳಿಯುತ್ತದೆ, ವಾರದ ನಡುವೆ ಹೋದರೆ ಜೇಬಿಗೂ ಒಳ್ಳೆಯದು, ಕಾಲಿಗೂ ಒಳ್ಳೆಯದು.

ಎಚ್ಚರ ಇರಬೇಕಾದ್ದು ಎರಡೇ. ಕಾಗದದ ಟಿಕೆಟ್ ಆದರೆ ಹತ್ತುವ ಮೊದಲು ಸ್ಟೇಷನ್ನಿನಲ್ಲಿರುವ ಮೆಷಿನ್ನಿಗೆ ಹಾಕಿ ಸೀಲ್ ಬೀಳಿಸಿಕೊಳ್ಳಿ. ದುಡ್ಡು ಕೊಟ್ಟೇ ಟಿಕೆಟ್ ತಗೊಂಡಿದ್ದರೂ ಸೀಲ್ ಇಲ್ಲದಿದ್ದರೆ ದಂಡ ಬೀಳುತ್ತದೆ. ಇನ್ನೊಂದು, "ಶೋಪೆರೋ" ಅನ್ನುವ ಪದ ನೆನಪಿಟ್ಟುಕೊಳ್ಳಿ. ಅಂದರೆ ಮುಷ್ಕರ. ಇಲ್ಲಿ ರೈಲು ಮುಷ್ಕರದ ದಿನವನ್ನು ಮೊದಲೇ ಹೇಳಿರುತ್ತಾರೆ, ಹಿಂದಿನ ವಾರ ಒಮ್ಮೆ ನೋಡಿಕೊಂಡರೆ ಸಾಕು. ಇಷ್ಟಕ್ಕೆ ಗೈಡ್ ಯಾಕೆ ಬೇಕು ಹೇಳಿ?

ನಾನು ಮೊದಲ ಸಲ ಹೋದದ್ದು ಅಂಥದೇ ಒಂದು ಟೂರಿನಲ್ಲಿ, ಫ್ಲಾರೆನ್ಸ್‌ನಿಂದ. ಬೆಳಿಗ್ಗೆ ಕತ್ತಲಿರುವಾಗಲೇ ಬಸ್ಸು, ಲಾ ಸ್ಪೆಟ್ಸಿಯಾ ಮುಟ್ಟಿದ ಮೇಲೆ ಟ್ರೇನು. ಸುಮಾರು ನಲವತ್ತು ಜನ. ಗೈಡ್ ಒಳ್ಳೆಯವಳೇ, ಆದರೆ ಅವಳ ದಿನವೆಲ್ಲ ತಲೆ ಎಣಿಸುವುದರಲ್ಲೇ ಕಳೆಯಿತು. ಒಂದೊಂದು ಹಳ್ಳಿಯಲ್ಲಿ ಮುಕ್ಕಾಲು ಗಂಟೆ. ಆ ಮುಕ್ಕಾಲು ಗಂಟೆಯಲ್ಲಿ ಶೌಚಾಲಯದ ಸಾಲು, ಐಸ್‌ಕ್ರೀಮ್ ಸಾಲು, ಫೋಟೋ ತೆಗೆಯಲು ಕಟಕಟೆ ಹತ್ತಿರದ ಸಾಲು. ಮನೆಗೆ ಬಂದು ಫೋಟೋ ನೋಡಿದಾಗ ಯಾವುದು ಮನರೋಲಾ, ಯಾವುದು ರಿಯೊಮಜ್ಜೋರೆ ಅಂತ ಗೊತ್ತಾಗಲಿಲ್ಲ. ನನಗೆ ನಿಜಕ್ಕೂ ಬೇಸರ ಆಯಿತು. ಇಷ್ಟು ದೂರ ಬಂದು, ಇಷ್ಟು ದುಡ್ಡು ಕೊಟ್ಟು, ಆ ಊರಿನ ಒಂದು ಸಂಗತಿಯೂ ತಿಳಿಯದೆ ವಾಪಸ್ ಬಂದೆನಲ್ಲ ಅಂತ.

ಎರಡನೆಯ ಸಲ ಹೋದದ್ದು ಅತ್ತೆ ಮಾವನ ಜೊತೆ. ಮಾವ ಶಿರಸಿ ಕಡೆಯವರು, ಜೀವನಪೂರ್ತಿ ಅಡಿಕೆ ತೋಟ ಮಾಡಿದವರು. ಅತ್ತೆಗೆ ಮೊಣಕಾಲು ನೋವು. ಹಾಗಾಗಿ ಈ ಸಲ ಮನರೋಲಾದಲ್ಲೇ ಹುಟ್ಟಿ ಬೆಳೆದ, ಲೈಸೆನ್ಸ್ ಇರುವ ಒಬ್ಬ ಗೈಡ್‌ನ ಅರ್ಧ ದಿನಕ್ಕೆ ಗೊತ್ತು ಮಾಡಿದೆವು. ಮೂವತ್ತರ ಆಸುಪಾಸಿನ ಹುಡುಗಿ. ಅವಳು ಕೇಳಿದ ಮೊದಲ ಮಾತು, "ನಿಮಗೆ ಐದೂ ಹಳ್ಳಿ ನೋಡಲೇಬೇಕಾ?" ಇಲ್ಲ ಅಂದೆವು. "ಹಾಗಾದರೆ ಮೇಲೆ ಹೋಗೋಣ" ಅಂದಳು.

ಮನರೋಲಾದಿಂದ ವೊಲಾಸ್ತ್ರಾ ಅನ್ನುವ ಊರಿಗೆ ಚಿಕ್ಕ ಬಸ್ಸಿದೆ. ಗುಡ್ಡದ ಮೇಲಿನ ಊರು. ಅಲ್ಲಿ ಇಳಿದು ದ್ರಾಕ್ಷಿ ತೋಟದ ನಡುವೆ ಒಂದು ಸಮತಟ್ಟಾದ ದಾರಿಯಲ್ಲಿ ಸ್ವಲ್ಪ ದೂರ ನಡೆದೆವು. ಒಂದು ಕಡೆ ಕೆಳಗೆ ಸಮುದ್ರ, ಇನ್ನೊಂದು ಕಡೆ ಗುಡ್ಡ, ಗುಡ್ಡದ ತುಂಬಾ ಮೆಟ್ಟಿಲು ಮೆಟ್ಟಿಲಾಗಿ ತೋಟ. ಪ್ರತಿ ಮೆಟ್ಟಿಲನ್ನೂ ಒಂದು ಕಲ್ಲಿನ ಗೋಡೆ ಹಿಡಿದುಕೊಂಡಿದೆ. ಸಿಮೆಂಟ್ ಇಲ್ಲ, ಗಾರೆ ಇಲ್ಲ. ಬರೀ ಕಲ್ಲಿನ ಮೇಲೆ ಕಲ್ಲು. ಸಮುದ್ರದ ಗಾಳಿಗೆ ಹೆದರಿ ದ್ರಾಕ್ಷಿ ಬಳ್ಳಿಯನ್ನು ಚಪ್ಪರ ಹಾಕಿ ನೆಲಕ್ಕೆ ತೀರಾ ಹತ್ತಿರವೇ ಬಿಡುತ್ತಾರೆ, ಕೊಯ್ಯುವವರು ಕುಕ್ಕರುಗಾಲಿನಲ್ಲಿ ಅದರಡಿ ನುಸುಳಬೇಕು.

ಒಂದು ಕಡೆ ಮಾವ ನಿಂತುಬಿಟ್ಟರು. ಗೋಡೆಯ ನಡುಭಾಗ ಸ್ವಲ್ಪ ಮುಂದಕ್ಕೆ ಉಬ್ಬಿತ್ತು. ಅದರ ಮೇಲೆ ಅಂಗೈ ಇಟ್ಟು, "ಇದು ಹೊಟ್ಟೆ ಬಂದಿದೆ ನೋಡು, ಜೋರು ಮಳೆ ಬಂದರೆ ನಿಲ್ಲೋದಿಲ್ಲ ಮಾರಾಯ್ತಿ" ಅಂದರು. ನಾನು ಗೈಡ್‌ಗೆ ಹೇಳಿದೆ. ಅವಳ ಮುಖ ಅರಳಿತು. "ನಾವೂ ಹಾಗೇ ಅನ್ನೋದು! ಪಾಂಚಾ!" ಅಂದಳು. ಪಾಂಚಾ ಅಂದರೆ ಹೊಟ್ಟೆ. ಶಿರಸಿಯಲ್ಲಿ ಪಾಗಾರ ಹೊಟ್ಟೆ ಬರುತ್ತದೆ, ಮನರೋಲಾದಲ್ಲಿಯೂ ಗೋಡೆಗೆ ಹೊಟ್ಟೆ ಬರುತ್ತದೆ. ಅಲ್ಲಿಂದ ಮುಂದೆ ಅವರಿಬ್ಬರಿಗೆ ನಾನು ಅನುವಾದ ಮಾಡುವುದೇ ಕಷ್ಟ ಆಯಿತು, ಒಬ್ಬರ ಮಾತು ಮುಗಿಯುವ ಮೊದಲೇ ಇನ್ನೊಬ್ಬರು ಕೈಸನ್ನೆಯಲ್ಲಿ ಉತ್ತರ ಕೊಡುತ್ತಿದ್ದರು. ಸ್ವಲ್ಪ ಮುಂದೆ ಕುಸಿದು ಬಿದ್ದಿದ್ದ ಒಂದು ಜಾಗದಲ್ಲಿ ಗೋಡೆಯ ಒಳಗೇನಿದೆ ಅಂತ ತೋರಿಸಿದಳು. ಮುಂದೆ ದೊಡ್ಡ ಕಲ್ಲು, ಅದರ ಹಿಂದೆ ಮುಷ್ಟಿಗಾತ್ರದ ಚೂರುಕಲ್ಲಿನ ಒಂದು ಪದರ, ಅದರ ಹಿಂದೆ ಮಣ್ಣು. ಮಳೆನೀರು ಚೂರುಕಲ್ಲಿನ ಸಂದಿಯಲ್ಲಿ ಇಳಿದು ಹೊರಗೆ ಬರುತ್ತದೆ, ಮಣ್ಣು ಒಳಗೇ ಉಳಿಯುತ್ತದೆ. ಸಿಮೆಂಟ್ ಹಾಕಿದರೆ ನೀರು ಹಿಂದೆಯೇ ನಿಂತು ಗೋಡೆಯನ್ನು ದೂಡುತ್ತದೆ. ನಾನೂ ಆ ಸಂದಿಯೊಳಗೆ ಕೈ ಹಾಕಿ ನೋಡಿದೆ. ಹೊರಗೆ ಬಿಸಿಲಿಗೆ ಕಾದ ಕಲ್ಲು, ಒಳಗೆ ತಂಪು, ಬೆರಳ ತುದಿಗೆ ಹಸಿ ಮಣ್ಣು.

ಇಂಥ ಗೋಡೆಗಳು ಈ ಗುಡ್ಡಗಳಲ್ಲಿ ಒಟ್ಟು ಸಾವಿರಾರು ಕಿಲೋಮೀಟರ್ ಆಗುತ್ತವೆ ಅನ್ನುತ್ತಾರೆ. ಗಾರೆ ಇಲ್ಲದೆ ಕಲ್ಲು ಕಟ್ಟುವ ಈ ವಿದ್ಯೆಯನ್ನು 2018ರಲ್ಲಿ ಇಟಲಿ ಸೇರಿ ಯುರೋಪಿನ ಹಲವು ದೇಶಗಳ ಹೆಸರಲ್ಲಿ ಯುನೆಸ್ಕೊ ತನ್ನ ಪಟ್ಟಿಗೆ ಸೇರಿಸಿದೆ. ಆದರೆ ಕಟ್ಟುವವರು ಕಡಿಮೆ ಆಗುತ್ತಾ ಬಂದಿದ್ದಾರೆ. ಯಾಕೆ ಅಂತ ಕೇಳಿದರೆ ಗೈಡ್ ಕೆಳಗೆ ಕೈ ತೋರಿಸಿದಳು. ಅಲ್ಲಿ ಟ್ರೇನು ಸುರಂಗದಿಂದ ಹೊರಬಂದು ಸ್ಟೇಷನ್ನಿನಲ್ಲಿ ನಿಲ್ಲುತ್ತಿತ್ತು.

ಈ ರೈಲು ದಾರಿ 1874ರಲ್ಲಿ ಪೂರ್ತಿಯಾಯಿತು, ಜಿನೋವಾದಿಂದ ಲಾ ಸ್ಪೆಟ್ಸಿಯಾಗೆ. ಅದಕ್ಕೆ ಮುಂಚೆ ಈ ಹಳ್ಳಿಗಳಿಗೆ ದೋಣಿ, ಇಲ್ಲವೇ ಹೇಸರಗತ್ತೆ ದಾರಿ. ಲಾ ಸ್ಪೆಟ್ಸಿಯಾದಲ್ಲಿ ಐದು ವರ್ಷ ಮೊದಲೇ, 1869ರಲ್ಲಿ, ನೌಕಾಪಡೆಯ ದೊಡ್ಡ ಹಡಗು ಕಾರ್ಖಾನೆ ಶುರುವಾಗಿತ್ತು. ಟ್ರೇನು ಬಂತು, ಗಂಡಸರು ಬೆಳಿಗ್ಗೆ ಕೆಲಸಕ್ಕೆ ಹೋಗಿ ಸಂಜೆ ಬರತೊಡಗಿದರು. ತಿಂಗಳ ಸಂಬಳ ಕೈಗೆ ಬಂದ ಮೇಲೆ ಕಡಿದಾದ ಗುಡ್ಡದಲ್ಲಿ ಕಲ್ಲು ಹೊರುವ ಕೆಲಸ ಯಾರಿಗೆ ಬೇಕು? ಅವರನ್ನು ತಪ್ಪು ಅನ್ನಲು ನನಗೆ ಮನಸ್ಸಿಲ್ಲ, ಮಲೆನಾಡಿನ ಮನೆಮನೆಯ ಕತೆಯೂ ಅದೇ ಅಲ್ವಾ, ನಾನು ಮಿಲಾನ್‌ನಲ್ಲಿ ಕೂತಿರುವುದೂ ಹಾಗೇ. ಆದರೆ ಬಿಟ್ಟ ತೋಟದಲ್ಲಿ ಒಂದು ಕಲ್ಲು ಜಾರಿದರೆ ಎತ್ತಿಡುವವರಿಲ್ಲ, ಮರುವರ್ಷ ಗೋಡೆಯೇ ಬೀಳುತ್ತದೆ, ಅದರ ಮೇಲಿನದೂ ಬೀಳುತ್ತದೆ.

2011ರ ಅಕ್ಟೋಬರ್ 25ರಂದು ಕೆಲವೇ ಗಂಟೆಗಳಲ್ಲಿ ಸುರಿದ ಮಳೆಗೆ ಗುಡ್ಡದ ಮಣ್ಣು, ಕಲ್ಲು, ಮರ ಎಲ್ಲ ಕೊಚ್ಚಿಕೊಂಡು ವೆರ್ನಾಟ್ಸಾ ಮತ್ತು ಮಾಂಟೆರೊಸ್ಸೊದ ಬೀದಿಗೆ ನುಗ್ಗಿತು. ಅಂಗಡಿಗಳ ಬಾಗಿಲು ಮುಚ್ಚಿಹೋಗುವಷ್ಟು ಎತ್ತರಕ್ಕೆ ಕೆಸರು ತುಂಬಿತು. ವೆರ್ನಾಟ್ಸಾದಲ್ಲಿ ಮೂವರು ತೀರಿಕೊಂಡರು. ಮಳೆಯೇ ವಿಪರೀತ ಇತ್ತು, ಅದು ನಿಜ. ಕೈಬಿಟ್ಟ ತೋಟಗಳಿಂದ ಹಾನಿ ಜಾಸ್ತಿಯಾಯಿತು ಅನ್ನುವುದೂ ಅಷ್ಟೇ ನಿಜ. ಇವತ್ತು ವೆರ್ನಾಟ್ಸಾದ ಮುಖ್ಯ ಬೀದಿಯಲ್ಲಿ ಐಸ್‌ಕ್ರೀಮ್ ತಿನ್ನುತ್ತಾ ನಡೆಯುವಾಗ ಇದು ಯಾವುದೂ ಕಾಣುವುದಿಲ್ಲ. ಹೇಳುವವರು ಒಬ್ಬರು ಬೇಕು. ನಾನು ಗೈಡ್ ಬೇಕು ಅನ್ನುವುದು ಇದಕ್ಕೆ.

ಹಾಗಾದರೆ ಯಾವ ಟೂರ್ ತೆಗೆದುಕೊಳ್ಳುವುದು? ಬುಕ್ ಮಾಡುವ ಮೊದಲು ಒಂದು ಮೆಸೇಜ್ ಹಾಕಿ ಕೇಳಿ. ಎಷ್ಟು ಹಳ್ಳಿ? ಐದೂ ಅಂದರೆ ಬಿಟ್ಟುಬಿಡಿ, ಎರಡು ಇಲ್ಲ ಮೂರು ಸಾಕು. ಗುಂಪಿನಲ್ಲಿ ಎಷ್ಟು ಜನ? ತೋಟದ ಕಡೆ ಕರೆದುಕೊಂಡು ಹೋಗುತ್ತೀರಾ? ಗೈಡ್ ಈ ಕಡೆಯವರಾ? ಇವಕ್ಕೆ ನೇರ ಉತ್ತರ ಬಂದರೆ ದುಡ್ಡು ಕೊಡಿ. ಇನ್ನೂ ಒಳ್ಳೆಯದು ಅಂದರೆ ಲಾ ಸ್ಪೆಟ್ಸಿಯಾವರೆಗೆ ನೀವೇ ಬಂದು, ಅಲ್ಲಿಂದ ಅರ್ಧ ದಿನಕ್ಕೆ ಮಾತ್ರ ಸ್ಥಳೀಯ ಗೈಡ್ ಗೊತ್ತು ಮಾಡುವುದು. ಫ್ಲಾರೆನ್ಸ್‌ನಿಂದ ಟ್ರೇನಿನಲ್ಲಿ ಎರಡು, ಎರಡೂವರೆ ಗಂಟೆ. ಮಿಲಾನ್‌ನಿಂದ ಬರುವವರಿಗೆ ಮಾಂಟೆರೊಸ್ಸೊಗೇ ನೇರ ಟ್ರೇನ್ ಇದೆ, ಸುಮಾರು ಮೂರು ಗಂಟೆ. ಹೋಗಿ ಬರಲು ಆಗುತ್ತದೆ, ಆದರೆ ಒಂದು ರಾತ್ರಿ ಉಳಿದರೆ ಸಂಜೆ ಟೂರ್‌ನವರೆಲ್ಲ ಹೋದ ಮೇಲಿನ ಊರು ನಿಮಗೆ ಸಿಗುತ್ತದೆ.

ವಯಸ್ಸಾದವರು ಜೊತೆಗಿದ್ದರೆ ಕೊರ್ನಿಲ್ಯಾ ಬಿಡಿ. ಐದರಲ್ಲಿ ಅದೊಂದೇ ಸಮುದ್ರದ ಮಟ್ಟದಲ್ಲಿಲ್ಲ, ಸುಮಾರು ನೂರು ಮೀಟರ್ ಮೇಲಿದೆ, ಸ್ಟೇಷನ್ನಿನಿಂದ ಊರಿಗೆ ಮುನ್ನೂರೆಂಬತ್ತರ ಹತ್ತಿರ ಮೆಟ್ಟಿಲು. ಬಸ್ಸಿದೆ, ಆದರೆ ಅದಕ್ಕೂ ಕಾಯಬೇಕು. ಮಾಂಟೆರೊಸ್ಸೊ ಸಮತಟ್ಟು, ಮರಳಿನ ದಂಡೆ ಇದೆ, ಕೂತುಕೊಳ್ಳಲು ಜಾಗ ಇದೆ. ಅತ್ತೆಗೆ ಇಷ್ಟವಾದದ್ದು ಅದೇ. ರಿಯೊಮಜ್ಜೋರೆಯಿಂದ ಮನರೋಲಾಗೆ ಸಮುದ್ರದಂಚಿನಲ್ಲಿ ಒಂದು ಕಿಲೋಮೀಟರಿನಷ್ಟು ಕಾಲುದಾರಿ ಇದೆ, ವಿಯಾ ದೆಲ್ಲಾಮೋರೆ, ಪ್ರೀತಿಯ ದಾರಿ ಅಂತ ಅರ್ಥ. 2012ರಲ್ಲಿ ಬಂಡೆ ಉರುಳಿ ಪ್ರವಾಸಿಗರು ಗಾಯಗೊಂಡ ಮೇಲೆ ಮುಚ್ಚಿತ್ತು, 2024ರಲ್ಲಿ ಪೂರ್ತಿ ತೆರೆಯಿತು. ಅದಕ್ಕೆ ಮೊದಲೇ ಸಮಯ ಬುಕ್ ಮಾಡಬೇಕು, ಬೇರೆ ದುಡ್ಡು. ಬೇರೆ ದಾರಿಗಳಲ್ಲಿ ನಡೆಯುವವರು ಹವಾಯಿ ಚಪ್ಪಲಿ ಹಾಕಿಕೊಂಡು ಬರಬೇಡಿ, ಹಾಗೆ ಬಂದವರಿಗೆ ಪಾರ್ಕಿನವರು ದಂಡ ಹಾಕುತ್ತಾರೆ.

ಊಟದ ಪ್ರಶ್ನೆಯೂ ಬರುತ್ತದೆ, ಅದರಲ್ಲೂ ಸಸ್ಯಾಹಾರಿಗಳಿಂದ. ಫರಿನಾತಾ ಕೇಳಿ ತಗೊಳ್ಳಿ. ಕಡಲೆಹಿಟ್ಟು, ನೀರು, ಆಲಿವ್ ಎಣ್ಣೆ, ಉಪ್ಪು, ಅಷ್ಟೇ. ಅಗಲವಾದ ತಟ್ಟೆಯಲ್ಲಿ ಹುಯ್ದು ಓವನ್ನಿನಲ್ಲಿ ಬೇಯಿಸುತ್ತಾರೆ. ಅಂಚು ಗರಿಗರಿ, ನಡುವೆ ಮೆತ್ತಗೆ. ಅತ್ತೆ ಒಂದು ತುಂಡು ಮುರಿದು ಬಾಯಿಗೆ ಹಾಕಿಕೊಂಡು, "ಒಂದು ಹಸಿಮೆಣಸು ಬಿದ್ದಿದ್ದರೆ ನಮ್ಮ ಕಡಲೆಹಿಟ್ಟಿನ ದೋಸೆಯೇ" ಅಂದರು, ಆಮೇಲೆ ಇನ್ನೊಂದು ತರಿಸಿದರು. ಪೆಸ್ತೊ ಈ ಕಡೆಯದೇ, ತುಳಸಿ ಜಾತಿಯ ಸೊಪ್ಪಿನ ಚಟ್ನಿ, ಬಹಳ ರುಚಿ. ಆದರೆ ಅದರಲ್ಲಿ ಹಾಕುವ ಪಾರ್ಮೆಸಾನ್ ಚೀಸ್ ಮಾಡಲು ಹಾಲು ಒಡೆಸುವುದು ಕರುವಿನ ಹೊಟ್ಟೆಯಿಂದ ತೆಗೆದ ಪದಾರ್ಥದಿಂದ. ಕಟ್ಟುನಿಟ್ಟಿನವರಿಗೆ ಇದು ಗೊತ್ತಿರಲಿ.

ಇನ್ನು ಯಾವ ತಿಂಗಳು? ಜುಲೈ, ಆಗಸ್ಟ್ ಬೇಡ, ಸೆಕೆಯಲ್ಲಿ ಪ್ಲಾಟ್‌ಫಾರ್ಮಿನ ನೂಕುನುಗ್ಗಲು ತಡೆಯಲಾಗುವುದಿಲ್ಲ. ಮೇ ಚೆನ್ನಾಗಿದೆ. ನನ್ನನ್ನು ಕೇಳಿದರೆ ಸೆಪ್ಟೆಂಬರ್. ಆಗ ದ್ರಾಕ್ಷಿ ಕೊಯ್ಲು. ಗುಡ್ಡದ ಮೇಲಿಂದ ದ್ರಾಕ್ಷಿ ಇಳಿಸಲು ಒಂಟಿ ಕಂಬಿಯ ಮೇಲೆ ಓಡುವ ಪುಟ್ಟ ಬಂಡಿ ಇದೆ, ಒಬ್ಬ ಮನುಷ್ಯ, ಕೆಲವು ಕ್ರೇಟು, ಹಿಂದೆ ಒಂದು ಇಂಜಿನ್, ಅಷ್ಟೇ. ನಾವು ಹೋದಾಗ ಅದು ಗೋಡೆಯ ಪಕ್ಕ ಸುಮ್ನೆ ನಿಂತಿತ್ತು. ಮಾವ ಅದರ ಸುತ್ತ ಎರಡು ಸಲ ತಿರುಗಿ, ಕಂಬಿಯ ಹಲ್ಲಿನ ಮೇಲೆ ಬೆರಳಾಡಿಸಿ, ಇಂಥದ್ದು ನಮ್ಮ ತೋಟಕ್ಕೆ ಹಾಕಿಸಲು ಎಷ್ಟಾಗುತ್ತದೆ ಕೇಳು ಅಂದರು. ಗೈಡ್ ತನ್ನ ದೊಡ್ಡಪ್ಪನಿಗೆ ಫೋನ್ ಮಾಡಿದಳು. ಸೆಪ್ಟೆಂಬರ್‌ನಲ್ಲಿ ಬನ್ನಿ, ಓಡಿಸಿಯೇ ತೋರಿಸುತ್ತೇನೆ ಅಂದರಂತೆ. ಈ ಸಲ ಟಿಕೆಟ್ ತೆಗೆದಿದ್ದೇವೆ.