ಯಾರ ಮೊಳ?

ನಿನ್ನೆ ರಾತ್ರಿ ಮಗಳ ಹೋಮ್‌ವರ್ಕ್. 6 ಪೆನ್ನಿಗೆ 90 ರೂಪಾಯಿ ಆದರೆ 10 ಪೆನ್ನಿಗೆ ಎಷ್ಟು? ಮೊದಲು ಒಂದರ ಬೆಲೆ ಹಿಡಿ ಅಂದೆ. 15 ಬಂತು. ಹತ್ತಕ್ಕೆ 150. ಅಷ್ಟೇ.

ಇವತ್ತು ಗಾಂಧಿ ಬಜಾರಿನಲ್ಲಿ ಮಲ್ಲಿಗೆ. ಅಜ್ಜಿಯೊಬ್ಬರು ಮೊಳ 40 ಅಂದರು. ಪಕ್ಕದ ಅಕ್ಕ 3 ಮೊಳ 100.

"ಅಮ್ಮಾ, ಮೊಳಕ್ಕೆ 33 ರೂಪಾಯಿ 33 ಪೈಸೆ! ಅಕ್ಕನ ಹತ್ರಾನೇ ತಗೋ."

ನನಗೋ ಹೆಮ್ಮೆ. (ಆ ವಯಸ್ಸಲ್ಲಿ ನನಗೆ ಭಾಗಾಕಾರ ಅಂದ್ರೇನೇ ಜ್ವರ.) ಅಕ್ಕ ಮೊಣಕೈಯಿಂದ ಹೂ ಅಳೆದರು. ಬೆರಳ ತುದಿ ತಲುಪುವ ಮೊದಲೇ ದಾರ ಕಿತ್ತರು. ಮಗಳು ನನ್ನ ಸೆರಗೆಳೆದು ಪಿಸುಗುಟ್ಟಿದಳು: "ಅಜ್ಜಿ ಕೈ ಇನ್ನೂ ಉದ್ದ ಅಲ್ವಾ?"

ಒಂದರ ಬೆಲೆ ಸರಿ. ಆ ಒಂದು ಎಷ್ಟುದ್ದ ಅಂತ ನಾನು ಯಾವತ್ತೂ ಕೇಳಿರಲಿಲ್ಲ. ಅಕ್ಕನಿಗೆ 100 ಕೊಟ್ಟು, ಸುಮ್ನೆ ಅಜ್ಜಿಯ ಹತ್ತಿರವೂ ಒಂದು ಮೊಳ ತಗೊಂಡೆ. ಮನೆಯಲ್ಲಿ ಸ್ಕೇಲ್ ಹಿಡಿದು ಕೂತಿದ್ದಾಳೆ.