ಹತ್ತು ಪಂದ್ಯ, ಒಬ್ಬ ಲಾಂಗ್ ಸ್ನ್ಯಾಪರ್

ಈ ಸೀಸನ್‌ನಲ್ಲಿ ನಮ್ಮ ಕಾಲೇಜಿನ ಫುಟ್‌ಬಾಲ್ ತಂಡ ಮೂರು ಪಂದ್ಯ ಗೆದ್ದಿತು, ಏಳು ಸೋತಿತು. ನಮ್ಮ ಮೈದಾನದಲ್ಲಿ ನಡೆದ ಐದನ್ನೂ ಹೋಗಿ ನೋಡಿದೆ. ಉಳಿದ ಐದನ್ನು ಲ್ಯಾಪ್‌ಟಾಪಿನಲ್ಲಿ ನೋಡಿದೆ, ಒಂದೇ ಕ್ಯಾಮೆರಾದ ನೇರಪ್ರಸಾರ, ಗಾಳಿ ಬಂದರೆ ಚಿತ್ರವೂ ಅಲ್ಲಾಡುತ್ತಿತ್ತು. ಸೋಲುವ ತಂಡಕ್ಕೆ ಇಷ್ಟು ಶನಿವಾರ ಯಾಕೆ ಹಾಳು ಮಾಡುತ್ತೀರಿ ಅಂತ ಹೆಂಡತಿ ಕೇಳಿದಳು. ಕಾರಣ ನನ್ನ ಸ್ಟ್ಯಾಟಿಸ್ಟಿಕ್ಸ್ ಕ್ಲಾಸಿನ ಒಬ್ಬ ಹುಡುಗ.

ಫುಟ್‌ಬಾಲ್ ಅಂದರೆ ಇಲ್ಲಿ ಅಮೆರಿಕದ ಫುಟ್‌ಬಾಲ್. ಕಾಲಿಗಿಂತ ಕೈಗೇ ಕೆಲಸ ಜಾಸ್ತಿ. ನಮ್ಮದು ಡಿವಿಷನ್ 3 ಕಾಲೇಜು, ಅಂದರೆ ಅಲ್ಲಿನ ಕಾಲೇಜು ಕ್ರೀಡೆಯ ಮೂರನೇ ಸ್ತರ. ಟಿವಿಯಲ್ಲಿ ಕಾಣುವ, ಲಕ್ಷ ಜನ ಕೂರುವ ಸ್ಟೇಡಿಯಂಗಳಿಗೂ ನಮಗೂ ಸಂಬಂಧವಿಲ್ಲ. 1973ರಲ್ಲಿ ಶುರುವಾದ ಈ ಡಿವಿಷನ್‌ನಲ್ಲಿ ಆಟಕ್ಕೆ ಅಂತ ಸ್ಕಾಲರ್‌ಶಿಪ್ ಕೊಡುವಂತಿಲ್ಲ. ಓದಿಗೋ ಮನೆಯ ಪರಿಸ್ಥಿತಿಗೋ ನೆರವು ಸಿಗಬಹುದು, ಚೆಂಡು ಹಿಡಿಯುವುದಕ್ಕೆ ಸಿಗುವುದಿಲ್ಲ. ಅಂದರೆ ಈ ಹುಡುಗರು ಫೀಸು ಕಟ್ಟಿ, ಬೆಳಗ್ಗೆ ಕ್ಲಾಸಿಗೆ ಬಂದು, ಸಂಜೆ ಮೈ ಜಜ್ಜಿಸಿಕೊಂಡು, ಐದು ಗಂಟೆಗಳ ಬಸ್ ಪ್ರಯಾಣದಲ್ಲಿ ಹೋಮ್‌ವರ್ಕ್ ಮಾಡುತ್ತಾ ಸೋಲಲು ಹೋಗುತ್ತಾರೆ. ಇಂಥ ಕಾಲೇಜುಗಳಲ್ಲೂ ಘಟಾನುಘಟಿಗಳಿದ್ದಾರೆ ಅನ್ನಿ. ಮೌಂಟ್ ಯೂನಿಯನ್ 13 ಸಲ ಚಾಂಪಿಯನ್ ಆಗಿದೆ. ಮಿನೆಸೋಟದ ಸೇಂಟ್ ಜಾನ್ಸ್‌ನ ಕೋಚ್ ಜಾನ್ ಗಗ್ಲಿಯಾರ್ಡಿ 2012ರಲ್ಲಿ ನಿವೃತ್ತರಾಗುವಾಗ ಒಟ್ಟು 489 ಪಂದ್ಯ ಗೆದ್ದಿದ್ದರು, ಅದೂ ಪ್ರಾಕ್ಟೀಸಿನಲ್ಲಿ ಟ್ಯಾಕಲ್ ಮಾಡಲು, ಅಂದರೆ ಒಬ್ಬರನ್ನೊಬ್ಬರು ಹಿಡಿದು ಕೆಡವಲು ಬಿಡದೆ! ಕಾಲೇಜು ಫುಟ್‌ಬಾಲ್‌ನಲ್ಲಿ ಅಷ್ಟು ಗೆದ್ದ ಕೋಚ್ ಇನ್ನೊಬ್ಬರಿಲ್ಲ. ನಮ್ಮ ತಂಡ ಆ ಸಾಲಿಗೆ ಸೇರಿದ್ದಲ್ಲ.

ನಮ್ಮ ಹುಡುಗ ಲಾಂಗ್ ಸ್ನ್ಯಾಪರ್. ಮೊದಲ ಸಲ ಆ ಪದ ಕೇಳಿದಾಗ ನನಗೂ ಗೊತ್ತಿರಲಿಲ್ಲ. ಆಟದ ಲೆಕ್ಕ ಹೀಗೆ: ನಾಲ್ಕು ಯತ್ನದಲ್ಲಿ 10 ಗಜ ಮುಂದೆ ಹೋಗಬೇಕು. ಮೂರರಲ್ಲಿ ಆಗದಿದ್ದರೆ ಸಾಮಾನ್ಯವಾಗಿ ನಾಲ್ಕನೆಯದರಲ್ಲಿ ಚೆಂಡನ್ನು ದೂರ ಒದ್ದು ಎದುರಾಳಿಗೆ ಒಪ್ಪಿಸಿಬಿಡುತ್ತಾರೆ. ಅದೇ ಪಂಟ್. ಒದೆಯುವವನು ಸುಮಾರು 15 ಗಜ ಹಿಂದೆ ನಿಂತಿರುತ್ತಾನೆ. ಅವನಿಗೆ ಚೆಂಡು ಮುಟ್ಟಿಸುವುದು ನಮ್ಮ ಹುಡುಗನ ಕೆಲಸ. ಸೊಂಟ ಬಗ್ಗಿಸಿ, ತಲೆ ಕೆಳಗೆ ಮಾಡಿ, ಎರಡು ಕಾಲುಗಳ ನಡುವಿನಿಂದ ಹಿಂದಕ್ಕೆ ಎಸೆಯಬೇಕು, ಒಳ್ಳೆಯ ಸ್ನ್ಯಾಪ್ ಆದರೆ ಚೆಂಡು ಬುಗುರಿಯಂತೆ ತಿರುಗುತ್ತಾ ಮುಕ್ಕಾಲು ಸೆಕೆಂಡಿನಲ್ಲಿ ಅವನ ಕೈಗೆ ಹೋಗಿ ಬೀಳುತ್ತದೆ. ಒಬ್ಬ ಚೆಂಡನ್ನು ನೆಲಕ್ಕೆ ಊರಿ ಹಿಡಿದು ಇನ್ನೊಬ್ಬ ಗೋಲ್ ಕಂಬಗಳ ನಡುವೆ ಒದೆಯುವ ಫೀಲ್ಡ್ ಗೋಲಿಗೆ ದೂರ ಕಡಿಮೆ, ಏಳೆಂಟು ಗಜ, ಆದರೆ ಚೆಂಡು ಎಷ್ಟು ಸುತ್ತು ತಿರುಗಬೇಕು ಅನ್ನುವುದಕ್ಕೂ ಲೆಕ್ಕವಿದೆ. ಹಿಡಿಯುವವನ ಕೈಗೆ ಸಿಕ್ಕಾಗ ಚೆಂಡಿನ ಹೊಲಿಗೆ ಒದೆಯುವವನ ಕಾಲಿಗೆ ಸಿಗಬಾರದು, ಅಲ್ವಾ? ಪಾಪ, ತಲೆ ಬಗ್ಗಿಸಿ ನಿಂತವನು ಏನೂ ನೋಡಲಾರ ಅಂತ ನಿಯಮವೇ ಅವನಿಗೆ ಸ್ವಲ್ಪ ದಯೆ ತೋರಿಸಿದೆ. ಒದೆತಕ್ಕೆ ಸಜ್ಜಾಗಿ ನಿಂತಾಗ, ಸ್ನ್ಯಾಪ್ ಆದ ಒಂದು ಸೆಕೆಂಡಿನ ತನಕ ಎದುರಾಳಿಗಳು ಅವನನ್ನು ಗುದ್ದುವಂತಿಲ್ಲ.

"ನಾನು ಚೆನ್ನಾಗಿ ಆಡಿದರೆ ನನ್ನ ಹೆಸರು ಯಾರಿಗೂ ಗೊತ್ತಾಗಲ್ಲ ಪ್ರೊಫೆಸರ್" ಅಂದಿದ್ದ ಅವನು. ಹಾಗಾದರೆ ನಾನಾದರೂ ಬರೆದಿಡುತ್ತೇನೆ ಅಂತ ತಮಾಷೆಗೆ ಒಂದು ನೋಟ್‌ಬುಕ್ ಇಟ್ಟೆ. ಪ್ರತಿ ಸ್ನ್ಯಾಪಿಗೂ ಒಂದು ಗೀಟು. ಸರಿ ಹೋಗದಿದ್ದರೆ ಪಕ್ಕದಲ್ಲಿ ಚುಕ್ಕೆ.

ಎರಡನೇ ಪಂದ್ಯದ ಹೊತ್ತಿಗೇ ವಿಷಯ ಹೊಳೆಯಿತು. ತಂಡ ಕೆಟ್ಟದಾಗಿ ಆಡಿದಷ್ಟೂ ಪಂಟ್ ಜಾಸ್ತಿ, ಪಂಟ್ ಜಾಸ್ತಿಯಾದಷ್ಟೂ ನನ್ನ ಹುಡುಗನಿಗೆ ಕೆಲಸ. ಸುತ್ತ ಕೂತ ಅಪ್ಪ ಅಮ್ಮಂದಿರು ಮೂರನೇ ಯತ್ನವೂ ಕೈಕೊಟ್ಟಾಗ "ಅಯ್ಯೋ" ಅಂತ ತಲೆ ಹಿಡಿದುಕೊಳ್ಳುತ್ತಿದ್ದರೆ ನಾನು ಪೆನ್ನಿನ ಮುಚ್ಚಳ ತೆಗೆಯುತ್ತಿದ್ದೆ. ಮುಂದಿನ ಸಾಲಿನ ಒಬ್ಬರು ತಿರುಗಿ ನನ್ನನ್ನು ನೋಡಿದ ನೋಟ ಇನ್ನೂ ನೆನಪಿದೆ. ಎದುರಾಳಿ ಕಾಲೇಜಿನವನು ಅಂದುಕೊಂಡರೋ ಏನೋ.

ಏಳು ಪಂದ್ಯ ಮುಗಿದರೂ ಒಂದೂ ಚುಕ್ಕೆ ಬಿದ್ದಿರಲಿಲ್ಲ. ಎಂಟನೆಯದರಲ್ಲಿ ಮಳೆ. ಮೂರನೇ ಕ್ವಾರ್ಟರಿನಲ್ಲಿ, ನಮ್ಮದೇ ಎಂಡ್ ಝೋನ್, ಅಂದರೆ ಮೈದಾನದ ತುದಿಯಲ್ಲಿ ನಾವು ಕಾಯುವ ಪಟ್ಟಿಯ ಹತ್ತಿರ, ಒದ್ದೆ ಚೆಂಡು ಕೈಯಿಂದ ಜಾರಿ ಪಂಟರನ ತಲೆಯ ಮೇಲೆ ಹಾರಿಹೋಯಿತು. ಪಂಟರ್ ಓಡಿ ಹೋಗಿ ಎಂಡ್ ಝೋನಿನ ಒಳಗೆ ಅದರ ಮೇಲೆ ಬಿದ್ದ. ಸೇಫ್ಟಿ, ಎದುರಾಳಿಗೆ ಎರಡು ಅಂಕ. ನಾವು ಆಗಲೇ ನಾಲ್ಕು ಟಚ್‌ಡೌನ್ (ಒಂದಕ್ಕೆ ಆರು ಅಂಕ) ಹಿಂದಿದ್ದೆವು, ಆ ಎರಡು ಅಂಕದಿಂದ ಆಗುವುದೂ ಹೋಗುವುದೂ ಏನೂ ಇರಲಿಲ್ಲ. ಕೋಚ್ ಕೂಡ ಬೈಯಲಿಲ್ಲ ಅನಿಸುತ್ತದೆ, ಅವನ ಭುಜ ತಟ್ಟಿದ್ದು ಮಾತ್ರ ಕಂಡಿತು.

ಸೋಮವಾರ ಅವನು ನನ್ನ ಆಫೀಸಿಗೆ ಬಂದ. ಅಸೈನ್‌ಮೆಂಟಿನ ಬಗ್ಗೆ ಏನೋ ಕೇಳಿದ, ಉತ್ತರ ಅವನಿಗೆ ಮೊದಲೇ ಗೊತ್ತಿತ್ತು. ಬಾಗಿಲ ತನಕ ಹೋಗಿ ನಿಂತ.

"ಚುಕ್ಕೆ ಹಾಕಿದಿರಾ?"

"ಹಾಕಿದೆ."

"ಸರಿ" ಅಂದ. ಮಳೆ ಇತ್ತು ಅಂತ ಹೇಳಲಿಲ್ಲ. ನಾನೂ ಹೇಳಲಿಲ್ಲ.

ಕೊನೆಯ ಪಂದ್ಯ ನವೆಂಬರಿನಲ್ಲಿ, ನಮ್ಮ ಮೈದಾನದಲ್ಲಿ. ಕೊನೆಯ ವರ್ಷದ ಹುಡುಗರೆಲ್ಲ ಆಟಕ್ಕೆ ಮುಂಚೆ ಅಪ್ಪ ಅಮ್ಮನ ಕೈ ಹಿಡಿದುಕೊಂಡು ಮೈದಾನದ ಮಧ್ಯೆ ನಡೆದು ಬಂದರು. 40 ತಂಡಗಳ ಪ್ಲೇಆಫ್‌ಗೂ ನಮಗೂ ಯಾವ ನಂಟೂ ಉಳಿದಿರಲಿಲ್ಲ, ಅಂದರೆ ಇವರಲ್ಲಿ ಹೆಚ್ಚಿನವರ ಪಾಲಿಗೆ ಆ ಮಧ್ಯಾಹ್ನದ ನಂತರ ಫುಟ್‌ಬಾಲೇ ಇಲ್ಲ. ಅವತ್ತು ಯಾಕೋ ಎಲ್ಲ ಸರಿಹೋಯಿತು. ಓಡಿದ್ದು ಸರಿ, ಎಸೆದದ್ದು ಸರಿ. ಪಂಟ್ ಒಂದೇ ಒಂದು! ಟಚ್‌ಡೌನ್ ಆದಮೇಲಿನ ಒಂದು ಅಂಕದ ಒದೆತಗಳಿಗೆ ನಾಲ್ಕು ಗೀಟು ಬಿದ್ದವು, ಅಷ್ಟೇ.

ಕೊನೆಯ ಒಂದೂವರೆ ನಿಮಿಷ ಚೆಂಡು ನಮ್ಮ ಕೈಯಲ್ಲೇ ಇತ್ತು. ಆಟ ನಡೆಸುವ ಕ್ವಾರ್ಟರ್‌ಬ್ಯಾಕ್ ಚೆಂಡು ತೆಗೆದುಕೊಂಡು ಮಂಡಿಯೂರಿ ಕೂರುವುದು, ಗಡಿಯಾರ ಓಡುವುದು, ಮತ್ತೆ ಮಂಡಿಯೂರುವುದು, ಮುಂದಿರುವ ತಂಡ ಹೊತ್ತು ಕಳೆಯುವ ರೀತಿ ಇದು. ಇನ್ನು ಪಂಟ್ ಇಲ್ಲ ಅಂತ ಮೈದಾನದಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ಸೈಡ್‌ಲೈನಿನಲ್ಲಿ ಹುಡುಗರು ಆಗಲೇ ಹೆಲ್ಮೆಟ್ ಕಳಚಿ ಅಪ್ಪಿಕೊಳ್ಳುತ್ತಿದ್ದರು. ಅವನು ಮಾತ್ರ ಹೆಲ್ಮೆಟ್ ಪಟ್ಟಿ ಬಿಗಿದುಕೊಂಡು, ಕೋಚ್ ಪಕ್ಕ ನಿಂತು, ಒಣಗಿದ್ದ ಕೈಯನ್ನು ಟವೆಲ್ಲಿಗೆ ಒರೆಸುತ್ತಲೇ ಇದ್ದ.