ಆ ಬಣ್ಣವಾದಿಗಳು ನಿಜವಾಗಿಯೂ ಇದ್ದರಾ?

ನನ್ನ ಕಥೆಗಳನ್ನು ಓದಿದವರು ಮಡಿಕೇರಿ ಪೇಟೆಯಲ್ಲಿ ಸಿಕ್ಕರೂ, ಮದುವೆ ಮನೆಯಲ್ಲಿ ಸಿಕ್ಕರೂ ಕೇಳುವುದು ಇದನ್ನೇ. ‘ಆ ಬಣ್ಣವಾದಿಗಳು ನಿಜವಾಗಿಯೂ ಇದ್ದರಾ? ಇಲ್ಲ ಅಂದ್ರೆ, ಇಲ್ಲದ ಒಂದು ದರ್ಶನವನ್ನು ಇಷ್ಟು ಕಷ್ಟಪಟ್ಟು ಯಾಕೆ ಕಟ್ಟಿದಿರಿ?’

ಇರಲಿಲ್ಲ. ನಾನೇ ಕಟ್ಟಿದ್ದು. ಅವರ ಮಠವೂ ಇಲ್ಲ, ತಾಳೆಗರಿಯೂ ಇಲ್ಲ. ಕಥೆ ಓದದವರಿಗೆ ಚಿಕ್ಕದಾಗಿ ಹೇಳುತ್ತೇನೆ. ಕೊಡಗಿನ ಒಂದು ಬೆಟ್ಟದ ಬುಡದಲ್ಲಿ ಒಂದಷ್ಟು ಜನ ಬೆಳಕು, ಬಣ್ಣಗಳ ಬಗ್ಗೆಯೇ ಯೋಚಿಸುತ್ತಾ ಬದುಕುತ್ತಾರೆ. ಬಣ್ಣ ವಸ್ತುವಿನಲ್ಲಿಲ್ಲ, ಕಣ್ಣಿನಲ್ಲೂ ಇಲ್ಲ ಅನ್ನುವುದು ಅವರ ಮೂಲ ಮಾತು. ವಸ್ತು, ಬೆಳಕು, ನೋಡುವವರು, ಈ ಮೂರೂ ಕೂಡಿದಾಗ ಬಣ್ಣ ಹುಟ್ಟುತ್ತದೆ. ಒಂದು ಸರಿದರೂ ಬಣ್ಣ ಇಲ್ಲ. ಹಾಗಾಗಿ ‘ಇದರ ನಿಜವಾದ ಬಣ್ಣ ಯಾವುದು?’ ಅಂತ ಅವರು ಕೇಳುವುದೇ ಇಲ್ಲ. ‘ಯಾವ ಬೆಳಕಿನಲ್ಲಿ?’ ಅಂತ ಕೇಳುತ್ತಾರೆ.

ಯಾಕೆ ಕಟ್ಟಿದೆ ಅನ್ನುವುದಕ್ಕೆ ಉತ್ತರ ಸ್ವಲ್ಪ ಉದ್ದ.

ಬಣ್ಣದ ಮೇಲೆ ನಮ್ಮ ಹಿಂದಿನವರು ಎಷ್ಟು ಗಟ್ಟಿಯಾಗಿ ಜಗಳ ಆಡಿದ್ದಾರೆ ಅಂತ ಗೊತ್ತಾದಾಗ ನನಗೆ ನಿದ್ದೆ ಬರಲಿಲ್ಲ. ಹಸಿ ಮಡಕೆ ಕಪ್ಪಗಿರುತ್ತದೆ, ಸುಟ್ಟರೆ ಕೆಂಪಾಗುತ್ತದೆ. ಹೇಗೆ? ವೈಶೇಷಿಕ ಅನ್ನುವ ಹಳೆಯ ದರ್ಶನದವರ ಪ್ರಕಾರ ಬೆಂಕಿಯಲ್ಲಿ ಮಡಕೆ ಅಣು ಅಣುವಾಗಿ ಬಿಚ್ಚಿಕೊಳ್ಳುತ್ತದೆ. ಅಣುಗಳು ಕೆಂಪಾಗಿ ಮತ್ತೆ ಕೂಡಿಕೊಳ್ಳುತ್ತವೆ. ಅಂದರೆ ಒಲೆಯಿಂದ ಹೊರಗೆ ಬಂದದ್ದು ಬೇರೆಯೇ ಮಡಕೆ! ನ್ಯಾಯ ದರ್ಶನದವರು, ಅಂದರೆ ನೈಯಾಯಿಕರು, ಇದನ್ನು ಒಪ್ಪಲಿಲ್ಲ. ಮಡಕೆಯಲ್ಲಿ ಸಣ್ಣ ಸಣ್ಣ ರಂಧ್ರಗಳಿವೆ, ಬೆಂಕಿ ಅದರೊಳಗೆ ಹೋಗುತ್ತದೆ, ಇಡೀ ಮಡಕೆಯೇ ಬಣ್ಣ ಬದಲಿಸುತ್ತದೆ ಅಂದರು. ಬಿಚ್ಚಿಕೊಂಡದ್ದು ನಮ್ಮ ಕಣ್ಣಿಗೆ ಯಾಕೆ ಕಾಣಲಿಲ್ಲ ಅಂತ ಕೇಳಿದರೆ, ಅಷ್ಟು ಬೇಗ ಆಗಿಹೋಗುತ್ತದೆ ಅನ್ನುವುದು ವೈಶೇಷಿಕರ ಉತ್ತರ. ಎಷ್ಟು ಕ್ಷಣ ಹಿಡಿಯುತ್ತದೆ ಅಂತಲೂ ಲೆಕ್ಕ ಹಾಕಿದ್ದಾರೆ.

ಇನ್ನೊಂದು ವಿಷಯ. ತರ್ಕ ಕಲಿಯುವವರು ಮೊದಲು ಓದುವ ‘ತರ್ಕಸಂಗ್ರಹ’ದಲ್ಲಿ ಬಣ್ಣಗಳು ಏಳು: ಬಿಳಿ, ನೀಲಿ, ಹಳದಿ, ಕೆಂಪು, ಹಸಿರು, ಕಂದು. ಏಳನೆಯದು ‘ಚಿತ್ರ’, ಅಂದರೆ ಹಲವು ಬಣ್ಣ ಕೂಡಿದ್ದು. ಹಲವು ಬಣ್ಣದ ನೂಲಿನ ಬಟ್ಟೆಗೆ ಒಟ್ಟಾಗಿ ಯಾವ ಬಣ್ಣ ಅನ್ನುವ ತಕರಾರಿಗೆ ಅದು ಉತ್ತರ. 1704ರಲ್ಲಿ ಬಂದ ನ್ಯೂಟನ್‌ನ ಪುಸ್ತಕದಲ್ಲೂ ಬಣ್ಣ ಏಳೇ, ಆದರೆ ಪಟ್ಟಿ ಬೇರೆ. ಅಲ್ಲಿ ಬಿಳಿ ಒಂದು ಬಣ್ಣವಲ್ಲ, ಎಲ್ಲ ಬಣ್ಣ ಬೆರೆತದ್ದು. ಜೊತೆಗೆ, ಕಿರಣಗಳಿಗೇ ಬಣ್ಣವಿಲ್ಲ, ಬಣ್ಣದ ಅನುಭವ ಹುಟ್ಟಿಸುವ ಶಕ್ತಿ ಮಾತ್ರ ಇದೆ ಅಂತಲೂ ಅವನು ಬರೆದ. ಬಣ್ಣವಾದಿಗಳಿಗೆ ಇದಕ್ಕಿಂತ ದೊಡ್ಡ ಬೆಂಬಲ ಬೇಕಾ?

ಇದರಿಂದ ನನಗೆ ಒಂದು ವಿಷಯ ಖಚಿತವಾಯಿತು. ಚೆಂದದ ನಾಲ್ಕು ಮಾತು ಜೋಡಿಸಿದರೆ ದರ್ಶನ ಆಗುವುದಿಲ್ಲ. ಎದುರಿಗೆ ಕೂತು ‘ತಪ್ಪು’ ಅನ್ನುವವನು ಬೇಕು. ಅವನಿಗೆ ಉತ್ತರ ಕೊಡಬೇಕು, ಒಮ್ಮೊಮ್ಮೆ ಸೋಲಲೂಬೇಕು. ಅದಕ್ಕೇ ಕಥೆಯಲ್ಲಿ ಎದುರುವಾದಿಯಾಗಿ ಕಾಫಿ ತೋಟದ ಲೆಕ್ಕ ಬರೆಯುವ ರೈಟರನ್ನು ಇಟ್ಟೆ. ಅವನು ಕೇಳುವುದು ನೇರ ಪ್ರಶ್ನೆ: ‘ಕೆಂಪು ಹಣ್ಣಿನಲ್ಲಿ ಇಲ್ಲ ಅಂದ್ರೆ, ನಮ್ಮ ಹೆಂಗಸರು ಕೆಂಪು ನೋಡಿ ಕೊಯ್ಯೋದು ಹೇಗೆ ಸ್ವಾಮಿ?’

ಕೊಡಗಿನಲ್ಲಿ ಕಾಫಿ ಕೊಯ್ಲು ನೋಡಿದವರಿಗೆ ಈ ಪ್ರಶ್ನೆಯ ಭಾರ ಗೊತ್ತು. ಸಿಪ್ಪೆ ಬಿಡಿಸುವ ಯಂತ್ರಕ್ಕೆ, ಅಂದರೆ ಪಲ್ಪರಿಗೆ, ಹೋಗುವುದು ಚೆನ್ನಾಗಿ ಹಣ್ಣಾದ ಕೆಂಪು ಕಾಯಿ ಮಾತ್ರ. ಹಸಿರು ಸೇರಿದರೆ ಸಿಪ್ಪೆ ಸರಿಯಾಗಿ ಬಿಡುವುದಿಲ್ಲ. ಗಿಡದಲ್ಲೇ ಒಣಗಿ ಕಪ್ಪಾದದ್ದು ಸೇರಿದರೆ ಪಾರ್ಚ್‌ಮೆಂಟ್, ಅಂದರೆ ಸಿಪ್ಪೆ ಬಿಡಿಸಿ ಒಣಗಿಸಿದ ಬೀಜ, ಕೆಡುತ್ತದೆ. ಸಂಜೆ ಚೀಲ ಸುರಿದು ಆರಿಸಲು ಕೂರುತ್ತಾರೆ. ಬೆಳಕು ಇಳಿಯುತ್ತಾ ಬಂದ ಹಾಗೆ ರಾಶಿಯನ್ನೇ ನೋಡುತ್ತಿರಿ. ಮೊದಲು ಕಂದುವುದು ಕೆಂಪು. ಪಕ್ಕದ ಎಲೆ ಇನ್ನೂ ತಿಳಿಯಾಗಿ ಕಾಣುತ್ತಿರುವಾಗಲೇ ಹಣ್ಣು ಕಪ್ಪಗಾಗುತ್ತದೆ. ಒಣಗಿದ ಕಾಯಿ ಯಾವುದು, ಒಳ್ಳೆಯ ಹಣ್ಣು ಯಾವುದು ಅಂತ ಗೊತ್ತೇ ಆಗುವುದಿಲ್ಲ. ‘ಸಾಕು ಬಿಡಿ ಅಣ್ಣ, ಎಲ್ಲಾ ಕಪ್ಪೇ ಕಾಣ್ತದೆ’ ಅಂತ ಆರಿಸುವವರೇ ಎದ್ದುಬಿಡುತ್ತಾರೆ.

ಮಂದ ಬೆಳಕಿನಲ್ಲಿ ಕೆಂಪು ಹೀಗೆ ಕಂದುವುದನ್ನು ಗಮನಿಸಿ ಬರೆದವನು ಪುರ್ಕಿನ್ಯೆ ಎಂಬ ಜೆಕ್ ವಿಜ್ಞಾನಿ, 1825ರಲ್ಲಿ. ನಮ್ಮ ಕಣ್ಣಿನಲ್ಲಿ ಹಗಲಲ್ಲಿ ಬಣ್ಣ ನೋಡುವ ಕೋಶಗಳೇ ಬೇರೆ, ಮಂದ ಬೆಳಕಿನಲ್ಲಿ ನೋಡುವ ಕೋಶಗಳೇ ಬೇರೆ. ಈ ಎರಡನೆಯವಕ್ಕೆ ಕೆಂಪು ಬೆಳಕು ಹೆಚ್ಚುಕಡಿಮೆ ತಟ್ಟುವುದೇ ಇಲ್ಲ. ಹಣ್ಣಿನಲ್ಲಿ ಏನೂ ಬದಲಾಗಿಲ್ಲ, ಆದರೂ ಕೆಂಪು ಇಲ್ಲ. ನನ್ನ ಕಥೆಯ ಬಣ್ಣವಾದಿ ಅಜ್ಜಿಯೊಬ್ಬಳು ರೈಟರಿಗೆ ಹೇಳುವುದು ಇದನ್ನೇ: ‘ಹಣ್ಣಾಗಿರೋದು ಹಣ್ಣಿನ ಗುಣ ಮಗಾ. ಕೆಂಪು ಅದು ನಿನಗೆ ಕಳಿಸಿದ ಸುದ್ದಿ. ಸುದ್ದಿ ತರೋನು ಬೆಳಕು.’

ರೈಟರು ಅಷ್ಟಕ್ಕೆ ಬಿಡುವವನಲ್ಲ. ನೀಲಿ ಟಾರ್ಪಲಿನ ಕೆಳಗೂ ನಾನು ಹಣ್ಣು ಗುರುತಿಸುತ್ತೇನೆ, ಬೆಳಗಿನ ಮಂಜಿನಲ್ಲೂ ಗುರುತಿಸುತ್ತೇನೆ, ಮಟಮಟ ಮಧ್ಯಾಹ್ನವೂ ಗುರುತಿಸುತ್ತೇನೆ ಅನ್ನುತ್ತಾನೆ. ಬೆಳಕು ಅಷ್ಟು ಬದಲಾದರೂ ಕೆಂಪು ಕೆಂಪಾಗಿಯೇ ಇದೆಯಲ್ಲ? ಇದು ಗಟ್ಟಿ ವಾದ. ಸುತ್ತಲಿನ ಬೆಳಕನ್ನು ಲೆಕ್ಕಕ್ಕೆ ತೆಗೆದುಕೊಂಡು ನಮ್ಮ ಮಿದುಳು ಬಣ್ಣವನ್ನು ಆದಷ್ಟು ಸ್ಥಿರವಾಗಿ ಇಡುತ್ತದೆ ಅನ್ನುವುದು ನಿಜ. ಆ ಅಧ್ಯಾಯದಲ್ಲಿ ಅಜ್ಜಿ ಸೋಲುತ್ತಾಳೆ. ಕೆಲವು ಓದುಗರಿಗೆ ಬೇಜಾರಾಯಿತು, ಆದರೆ ಅದನ್ನು ನಾನು ತಿದ್ದುವುದಿಲ್ಲ.

ಕೊಡಗೇ ಯಾಕೆ ಅಂತಲೂ ಕೇಳುತ್ತಾರೆ. ಬೆಳಕನ್ನು ಅಳೆದು ಬಳಸುವ ಜನ ಇಲ್ಲಿದ್ದಾರೆ, ಅದಕ್ಕೆ. ಮರ ಕಪಾತು ಮಾಡುವುದೆಂದರೆ ಸುಮ್ನೆ ಕೊಂಬೆ ಕಡಿಯುವುದಲ್ಲ. ಗಿಡಕ್ಕೆ ಎಷ್ಟು ಬಿಸಿಲು ಬೇಕು, ಎಷ್ಟು ನೆರಳು ಬೇಕು ಅಂತ ಕೆಳಗೆ ನಿಂತು ತಲೆಯೆತ್ತಿ ನೋಡಿ ತೀರ್ಮಾನಿಸುವ ಕೆಲಸ. ರೋಬಸ್ಟಾಕ್ಕಿಂತ ಅರೇಬಿಕಾಕ್ಕೆ ನೆರಳು ಜಾಸ್ತಿ ಬೇಕು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮೋಡ ಕವಿದ ಊರಿನಲ್ಲಿ ಬಿಸಿಲು ಬಿದ್ದ ದಿನ ಎಲ್ಲರೂ ಅದರ ಬಗ್ಗೆಯೇ ಮಾತಾಡುತ್ತಾರೆ. ಇಂಥ ಕಡೆ ಬೆಳಕಿನ ದರ್ಶನ ಹುಟ್ಟದೆ ಇದ್ದದ್ದೇ ಆಶ್ಚರ್ಯ ಅಲ್ವಾ?

ಈಗ ಬರೆಯುತ್ತಿರುವ ಕಥೆಯಲ್ಲಿ ಬಣ್ಣವಾದಿಗಳಿಗೆ ಇನ್ನೂ ದೊಡ್ಡ ತೊಂದರೆ ಬಂದಿದೆ. ಒಬ್ಬ ಹುಡುಗಿ ಕೇಳುತ್ತಾಳೆ: ಕನಸಿನಲ್ಲಿ ನಾನು ಕೆಂಪು ಸೀರೆ ನೋಡಿದೆ. ಅಲ್ಲಿ ಸೀರೆ ಇಲ್ಲ, ಬೆಳಕೂ ಇಲ್ಲ, ಇರುವವಳು ನಾನೊಬ್ಬಳೇ. ಹಾಗಾದರೆ ಆ ಕೆಂಪು ಎಲ್ಲಿಂದ ಬಂತು? ಹಗಲು ಕಂಡ ಕೆಂಪಿನ ನೆನಪು ಅಂತ ಒಂದು ಗುಂಪು ಹೇಳುತ್ತಿದೆ. ಹಾಗಂದರೆ ಬಣ್ಣ ಹುಟ್ಟಲು ಮೂರೂ ಬೇಕು ಅನ್ನುವ ಮೂಲ ಮಾತೇ ಬಿದ್ದುಹೋಯಿತು ಅಂತ ಇನ್ನೊಂದು ಗುಂಪು. ಅಜ್ಜಿ ಇನ್ನೂ ಯಾವ ಕಡೆಗೂ ಸೇರಿಲ್ಲ.